ಬಿದ್ದದ್ದು ಒಂದು ಗಳಿಗೆ, ಓಡಾಟ ಆರು ತಿಂಗಳು

ಸಕಲೇಶಪುರದ ಬಸ್‌ಸ್ಟ್ಯಾಂಡು. ಸಂಜೆ ಐದೂವರೆ. ಹೆತ್ತೂರು ಕಡೆಯ ಬಸ್ಸಿನ ಸುಳಿವಿಲ್ಲ. ಮಳೆ ಮಾತ್ರ ಟೈಮಿಗೆ ಸರಿಯಾಗಿ ಬಂದಿತ್ತು.

ಬೆಂಚಿನ ಮೇಲೆ ಐವತ್ತರ ಆಸುಪಾಸಿನ ಒಬ್ಬರು ಕೂತಿದ್ದರು. ಪಕ್ಕದಲ್ಲಿ ಊರುಗೋಲು. ತೊಡೆಯ ಮೇಲೆ ಬಟ್ಟೆ ಅಂಗಡಿಯ ಪ್ಲಾಸ್ಟಿಕ್ ಕವರು, ಅದರೊಳಗೆ ಎಕ್ಸ್‌ರೇ. ನಮ್ಮ ಕಡೆ ಈ ಕವರು ಕಂಡರೆ ಸಾಕು, ಮಾತಾಡಿಸಲು ಬೇರೆ ಪರಿಚಯ ಬೇಕಿಲ್ಲ.

"ಏನಣ್ಣಾ, ಎಲ್ಲಿ ಬಿದ್ರಿ?"

"ತೋಟದಲ್ಲಿ ಸಾ. ಶಿವರಾತ್ರಿ ಹಿಂದುಮುಂದು. ಸಿಲ್ವರ್ ಮರದಲ್ಲಿ ಮೆಣಸು ಕುಯ್ತಿದ್ದೆ. ಇಪ್ಪತ್ತಡಿ ಮೇಲಿದ್ದೆ ಅಂತ ಇಟ್ಕಳಿ."

"ಗೌರಿ ಹಬ್ಬ ಬಂತಲ್ಲ. ಇನ್ನೂ ವಾಸಿ ಆಗ್ಲಿಲ್ವಾ?"

"ಹಿಮ್ಮಡಿ ಏನೋ ಕೂಡ್ಕಂತು. ಸೊಂಟ ಬಿಡ್ತಾ ಇಲ್ಲ. ಬಗ್ಗಂಗಿಲ್ಲ, ಹೊರೆ ಎತ್ತಂಗಿಲ್ಲ. ಪರಿಹಾರಕ್ಕೆ ಅರ್ಜಿ ಹಾಕಣ ಅಂತ ಹೋದ್ರೆ, ನೀನು ತೋಟದಲ್ಲಿ ಬಿದ್ದಿದ್ದು ಅಂತ ಎಲ್ಲಿದೆಯಪ್ಪ ಅಂತಾರೆ. ಎಲ್ಲಿದೆ ಅಂತ ತೋರ್ಸದು? ನನ್ ಸೊಂಟದಲ್ಲಿದೆ."

ಕವರು ನನ್ನ ಕೈಗೆ ಕೊಟ್ಟರು. ಒಳಗೆ ನಾಲ್ಕು ಹಳೆಯ ಚೀಟಿ, ಇವತ್ತಿನದೊಂದು. ಯಾವ ಯಾವ ಆಸ್ಪತ್ರೆಯವು ಎಂಬುದು ಇಲ್ಲಿ ಬೇಡ. ಯಾರ ಮೇಲೂ ದೂರು ಹೇಳಲು ಈ ಬರಹ ಹೊರಟಿಲ್ಲ. ಚೀಟಿಯಲ್ಲಿ ಏನಿತ್ತು ಅನ್ನುವುದಷ್ಟೇ ಮುಖ್ಯ.

ಮೊದಲನೆಯದು ಬಿದ್ದ ದಿನದ್ದು. "ಬಿದ್ದು ಪೆಟ್ಟು. ಬಲ ಹಿಮ್ಮಡಿ, ಎಕ್ಸ್‌ರೇ." ಎರಡನೆಯದು ಮೂರು ವಾರದ ನಂತರದ್ದು. "ರಿವ್ಯೂ. ಕಟ್ಟು ಮುಂದುವರಿಸಿ." ಮೂರನೆಯದರಲ್ಲಿ "ಕಾಲು ನೋವು, ಮಾತ್ರೆ ಐದು ದಿನ." ನಾಲ್ಕನೆಯದರಲ್ಲಿ "ಸೊಂಟ ನೋವು. ಮಾತ್ರೆ, ಮುಲಾಮು."

ಗಮನಿಸಿದಿರಾ? ಮೊದಲ ಚೀಟಿಯಲ್ಲೇ ಏಣಿ ಇಲ್ಲ, ಮರ ಇಲ್ಲ, ತೋಟ ಇಲ್ಲ, ಇಪ್ಪತ್ತಡಿ ಇಲ್ಲ. ಮೂರನೆಯದಕ್ಕೆ ಬರುವಷ್ಟರಲ್ಲಿ ಬಿದ್ದದ್ದೇ ಇಲ್ಲ! ಆರು ತಿಂಗಳಲ್ಲಿ ಮನುಷ್ಯ ಹಾಗೇ ನರಳುತ್ತಿದ್ದಾನೆ, ಕಾಗದದ ಮೇಲೆ ಅವನ ಅಪಘಾತ ಮಾಯವಾಗಿದೆ.

ಹುಡುಗಿ ಓದಿದ ಚೀಟಿ

ಅವರ ಪಕ್ಕದಲ್ಲಿ ಅಣ್ಣನ ಮಗಳು ಕೂತಿದ್ದಳು. ಓದಿದ್ದು ಹಾಸನದಲ್ಲಿ, ಕೆಲಸ ಬೆಂಗಳೂರಿನಲ್ಲಿ. ಹಬ್ಬಕ್ಕೆಂದು ಬಂದವಳು ಚಿಕ್ಕಪ್ಪನನ್ನು ಆಸ್ಪತ್ರೆಗೆ ಕರೆತಂದಿದ್ದಳು.

"ಏನಮ್ಮ ಕೆಲಸ?"

"ಕೋಡಿಂಗ್ ಸಾರ್. ಕಂಪ್ಯೂಟರ್ ಕೋಡಿಂಗ್ ಅಲ್ಲ, ಮೆಡಿಕಲ್ ಕೋಡಿಂಗ್. ಅಮೆರಿಕದ ಡಾಕ್ಟ್ರು ಬರ್ದಿದ್ದನ್ನ ಓದಿ ಅದಕ್ಕೆ ನಂಬರ್ ಹಾಕೋದು. ಆ ನಂಬರ್ ನೋಡಿ ಇನ್ಶೂರೆನ್ಸ್‌ನೋರು ದುಡ್ಡು ಕೊಡ್ತಾರೆ."

ಅಲ್ಲಿನ ಅಜ್ಜಿ ಮೆಟ್ಟಿಲಿಂದ ಜಾರಿದರೂ, ಅಲ್ಲಿನ ಅಜ್ಜ ಸೇಬಿನ ಮರದಿಂದ ಬಿದ್ದರೂ ಆ ಚೀಟಿ ರಾತ್ರೋರಾತ್ರಿ ಬೆಂಗಳೂರಿಗೆ ಬಂದು ನಮ್ಮ ಹುಡುಗಿಯ ಕಂಪ್ಯೂಟರಿನಲ್ಲಿ ಕೂರುತ್ತದೆ. ಹೇಗೆ ಬಿದ್ದರು, ಎಲ್ಲಿ ಬಿದ್ದರು, ಇದು ಹೊಸ ಪೆಟ್ಟೋ, ವಾಸಿಯಾಗುತ್ತಿರುವ ಪೆಟ್ಟೋ, ಹಳೇ ಪೆಟ್ಟು ಬಿಟ್ಟುಹೋದ ಊನವೋ ಎಂದು ನೋಡಿ ಅವಳು ನಂಬರು ಕೊಡುತ್ತಾಳೆ. ಸ್ವಂತ ಚಿಕ್ಕಪ್ಪನ ಚೀಟಿ ಕೈಗೆ ಬಂದಾಗ ಮಾತ್ರ ಅವಳಿಗೆ ನಂಬರು ಸಿಗಲಿಲ್ಲ.

"ಚೀಟಿಯಲ್ಲಿ ಇಲ್ಲದ್ದನ್ನ ನಾವು ಸೇರಿಸೋ ಹಾಗಿಲ್ಲ ಸಾರ್. ಅದೇ ನಮ್ಮ ಮೊದಲನೇ ಪಾಠ. ಚಿಕ್ಕಪ್ಪನ ನಾಲ್ಕನೇ ಚೀಟಿಗೆ ನಾನು ಹಾಕಬಹುದಾದ ನಂಬರ್ ಒಂದೇ. ಎಂ 54.5. ಅಂದ್ರೆ ಬರೀ ಸೊಂಟ ನೋವು."

ಈ ಎಂ 54.5 ಯಾರಿಗೆಲ್ಲ ಸಲ್ಲುತ್ತದೆ ಗೊತ್ತೇ? ಬೆಳಗಿಂದ ಸಂಜೆವರೆಗೆ ಗಲ್ಲಾಪೆಟ್ಟಿಗೆ ಮುಂದೆ ಕೂತು ಸೊಂಟ ಹಿಡಿದುಕೊಂಡ ನಮ್ಮ ಪೇಟೆಯ ಅಂಗಡಿಯವರಿಗೂ ಅದೇ. ಹಾಸನಕ್ಕೆ ದಿನಾ ಬಸ್ಸಿನಲ್ಲಿ ಹೋಗಿಬಂದು ಮೈ ನೋಯಿಸಿಕೊಂಡ ಗುಮಾಸ್ತರಿಗೂ ಅದೇ. ಇಪ್ಪತ್ತಡಿ ಮೇಲಿಂದ ಬಿದ್ದವನಿಗೂ ಅದೇ!

ನಂಬರಿನ ಪುಸ್ತಕ

ಈ ನಂಬರುಗಳು ಎಲ್ಲಿಂದ ಬಂದವು? ಮೂಲ ಬಹಳ ಹಳೆಯದು. 1893ರಲ್ಲಿ ಅಮೆರಿಕದ ಚಿಕಾಗೋ ನಗರದಲ್ಲಿ ನಡೆದ ಅಂಕಿಅಂಶ ಪಂಡಿತರ ಸಭೆಯಲ್ಲಿ ಫ್ರಾನ್ಸಿನ ಜಾಕ್ ಬರ್ಟಿಲೋನ್ ಎಂಬವರು ಸಾವಿನ ಕಾರಣಗಳ ಒಂದು ಪಟ್ಟಿ ಮಂಡಿಸಿದರು. ಊರೂರಿಗೆ ಒಂದೊಂದು ಹೆಸರಿನಲ್ಲಿ ಸತ್ತವರನ್ನು ಬರೆಯುವ ಬದಲು ಎಲ್ಲ ದೇಶವೂ ಒಂದೇ ಪಟ್ಟಿ ಬಳಸಲಿ ಎಂಬುದು ಉದ್ದೇಶ. 1948ರಲ್ಲಿ ಆರನೇ ಆವೃತ್ತಿ ವಿಶ್ವ ಆರೋಗ್ಯ ಸಂಸ್ಥೆಯ ಕೈಗೆ ಬಂತು. ಸಾವಿನ ಜೊತೆಗೆ ಕಾಯಿಲೆ, ಪೆಟ್ಟು ಎಲ್ಲವೂ ಪಟ್ಟಿಗೆ ಸೇರಿದ್ದು ಆಗಲೇ. ಹತ್ತನೇ ಆವೃತ್ತಿಗೆ 1990ರಲ್ಲಿ ಒಪ್ಪಿಗೆ ಸಿಕ್ಕಿತು. ಹನ್ನೊಂದನೆಯದು 2022ರ ಜನವರಿ 1ರಿಂದ ಜಾರಿಗೆ ಬಂದಿದೆ. ಆದರೂ ಹತ್ತನೆಯದರ ನಂಬರುಗಳೇ ಇನ್ನೂ ಬಹಳ ಕಡೆ ಓಡಾಡುತ್ತಿವೆ. ಹತ್ತನೆಯದನ್ನೇ ಇನ್ನಷ್ಟು ಹಿಗ್ಗಿಸಿ ಅಮೆರಿಕದವರು 2015ರ ಅಕ್ಟೋಬರ್ 1ರಿಂದ ಬಳಸುತ್ತಿದ್ದಾರೆ. ನಮ್ಮ ಹುಡುಗಿ ಕೆಲಸ ಮಾಡುವುದು ಆ ಪುಸ್ತಕದಲ್ಲಿ.

ಹತ್ತನೇ ಆವೃತ್ತಿಯಲ್ಲಿ ಬೀಳುವುದಕ್ಕೇ ಇಪ್ಪತ್ತು ನಂಬರಿದೆ ಸ್ವಾಮಿ. ಡಬ್ಲ್ಯು 00ರಿಂದ ಡಬ್ಲ್ಯು 19ರವರೆಗೆ. ನೆಲದ ಮೇಲೆ ಜಾರಿ, ಎಡವಿ ಬಿದ್ದರೆ 01. ಮಂಚದಿಂದ ಬಿದ್ದರೆ 06. ಕುರ್ಚಿಯಿಂದ 07. ಮೆಟ್ಟಿಲಿಂದ 10. ಏಣಿಯಿಂದ 11. ಕಟ್ಟಡದ ಸಾರುವೆಯಿಂದ 12. ಮರದಿಂದ 14. ಬಾವಿಗೋ ಗುಂಡಿಗೋ ಬಿದ್ದರೆ 17. ಕೊನೆಯದು 19: ಬಿದ್ದದ್ದಂತೂ ನಿಜ, ಹೇಗೆಂದು ಬರೆದಿಲ್ಲ.

ನಂಬರಿನ ಪಕ್ಕ ಚುಕ್ಕಿ ಇಟ್ಟು ಇನ್ನೊಂದು ಅಂಕಿ ಸೇರಿಸುತ್ತಾರೆ. ಅದು ಬಿದ್ದ ಜಾಗ. ಮನೆಯಾದರೆ 0, ಶಾಲೆಯಾದರೆ 2, ರಸ್ತೆಯಾದರೆ 4, ಅಂಗಡಿ ಹೋಟೆಲಾದರೆ 5, ಕೃಷಿ ಜಮೀನಾದರೆ 7. ಎಲ್ಲಿ ಎಂದು ಬರೆಯದಿದ್ದರೆ 9. ಗಾಳಿಮಳೆಯಲ್ಲಿ ಗಿರಾಕಿಯೊಬ್ಬ ನಿಮ್ಮ ಅಂಗಡಿಯ ಪಾಚಿ ಹಿಡಿದ ಮೆಟ್ಟಿಲಿಂದ ಉರುಳಿದನೋ, ಅವನ ನಂಬರು ಡಬ್ಲ್ಯು 10.5.

ಹುಡುಗಿ ಚಿಕ್ಕಪ್ಪನನ್ನು ಕೇಳಿದಳಂತೆ. "ಚಿಕ್ಕಪ್ಪ, ಮರದಿಂದ ಬಿದ್ಯೋ, ಏಣಿಯಿಂದ ಬಿದ್ಯೋ?"

"ಎಲ್ಲಿಂದ ಬಿದ್ರೇನವ್ವಾ, ನೆಲಕ್ಕೇ ತಾನೆ ಬಿದ್ದಿದ್ದು!" ಎಂದು ಅವರು ರೇಗಿದರಂತೆ. ಆಮೇಲೆ ಯೋಚಿಸಿ ಹೇಳಿದರು: "ಏಣಿ ಜಾರ್ತು. ಬುಡದಲ್ಲಿ ಹಿಡ್ಕಳಕ್ಕೆ ಯಾರೂ ಇರ್ಲಿಲ್ಲ."

ಅಂದರೆ ಅದು 14 ಅಲ್ಲ, 11. ತೋಟ, ಆದ್ದರಿಂದ 11.7. ನಗಬೇಡಿ, ಈ ಎರಡು ನಂಬರಿನ ನಡುವೆ ದೊಡ್ಡ ವ್ಯತ್ಯಾಸವಿದೆ. ನಮ್ಮ ತಾಲೂಕಿನಲ್ಲಿ ಬೀಳುವವರೆಲ್ಲ 11 ಆದರೆ ಏಣಿ ಕಟ್ಟುವುದನ್ನು, ಬುಡ ಹಿಡಿಯುವುದನ್ನು ಸರಿಮಾಡಬೇಕು. 14 ಆದರೆ ಮರಗಸಿ ಮಾಡುವವನ ಸೊಂಟಕ್ಕೆ ಬೆಲ್ಟು, ಹಗ್ಗ ಬೇಕು. ಎಲ್ಲವೂ 19.9 ಆದರೆ? ಏನೂ ಗೊತ್ತಿಲ್ಲ, ಏನೂ ಮಾಡಬೇಕಿಲ್ಲ. ಆರಾಮ!

ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜಿನಂತೆ ಜಗತ್ತಿನಲ್ಲಿ ವರ್ಷಕ್ಕೆ 6 ಲಕ್ಷ 84 ಸಾವಿರ ಜನ ಬಿದ್ದು ಸಾಯುತ್ತಾರೆ. ಆಕಸ್ಮಿಕ ಪೆಟ್ಟಿನ ಸಾವುಗಳಲ್ಲಿ ರಸ್ತೆ ಅಪಘಾತ ಬಿಟ್ಟರೆ ಇದೇ ಎರಡನೆಯದು. ಸಾಯದೆ, ಆಸ್ಪತ್ರೆ ಕಾಣುವಷ್ಟು ಪೆಟ್ಟು ಮಾಡಿಕೊಳ್ಳುವ ಪ್ರಸಂಗಗಳು ವರ್ಷಕ್ಕೆ 3 ಕೋಟಿ 73 ಲಕ್ಷ. ಸತ್ತವರ ಸುದ್ದಿ ಪೇಪರಿನಲ್ಲಿ ಬರುತ್ತದೆ. ಉಳಿದು ಕುಂಟುತ್ತಿರುವವರ ಸುದ್ದಿ ಎಲ್ಲೂ ಬರುವುದಿಲ್ಲ. ಅವರ ಕಥೆ ಇರುವುದು ಆ ಪ್ಲಾಸ್ಟಿಕ್ ಕವರಿನಲ್ಲಿ ಮಾತ್ರ.

ಎರಡನೇ ಸಲ ಹೋದಾಗ

ಬಿದ್ದ ದಿನ ಎಲ್ಲರೂ ಓಡುತ್ತಾರೆ. ಸಾಹುಕಾರರು ಜೀಪು ಕೊಡುತ್ತಾರೆ, ಮೇಸ್ತ್ರಿ ಜೊತೆಗೆ ಬರುತ್ತಾನೆ, ರೈಟರು ಐನೂರೋ ಸಾವಿರವೋ ಜೇಬಿಗಿಡುತ್ತಾನೆ. ಕಷ್ಟ ಇರುವುದು ಎರಡನೇ ಸಲ, ಮೂರನೇ ಸಲ ಹೋಗುವಾಗ. ಆಗ ಜೀಪಿಲ್ಲ, ಮೇಸ್ತ್ರಿ ಇಲ್ಲ. ಡಾಕ್ಟರೂ ಬೇರೆ. ಚೀಟಿಯೂ ಬೇರೆ.

ಅಮೆರಿಕದ ಪುಸ್ತಕದಲ್ಲಿ ಈ ಎರಡನೇ ಸಲಕ್ಕೇ ಒಂದು ಅಕ್ಷರ ಇದೆ. ಪೆಟ್ಟಿನ ನಂಬರಿನ ಕೊನೆಯಲ್ಲಿ ಏಳನೇ ಜಾಗ ಅದರದು. ಮೂಳೆ ಸರಿಕೂರಿಸುವುದು, ಆಪರೇಷನ್ನು, ಹೀಗೆ ಪೆಟ್ಟಿಗೇ ನೇರ ಚಿಕಿತ್ಸೆ ನಡೆಯುತ್ತಿರುವಷ್ಟು ಕಾಲ ಎ. ಅದು ಮುಗಿದು ವಾಸಿಯಾಗುವ ದಾರಿಯಲ್ಲಿ ಕಟ್ಟು ಬದಲಿಸಲು, ಮೂಳೆ ಕೂಡಿತೇ ಎಂದು ಎಕ್ಸ್‌ರೇ ನೋಡಲು, ಒಳಗಿನ ರಾಡು ತೆಗೆಸಲು ಬಂದರೆ ಡಿ. ಪೆಟ್ಟು ವಾಸಿಯಾಗಿ ಅದರ ಊನ ಮಾತ್ರ ಉಳಿದಿದ್ದರೆ ಎಸ್. ಮೂಳೆ ಮುರಿದವರಿಗೆ ಇನ್ನೂ ಮೂರು ಅಕ್ಷರ ಉಂಟು. ಕೂಡುವುದು ತಡವಾದರೆ ಜಿ, ಕೂಡದೇ ಹೋದರೆ ಕೆ, ಸೊಟ್ಟಗೆ ಕೂಡಿದರೆ ಪಿ.

ಸೊಗಸೆಂದರೆ, ಹತ್ತನೇ ಸಲ ಹೋದರೂ ಹೇಗೆ ಬಿದ್ದ ಎಂಬ ನಂಬರನ್ನು ಡಿ ಸೇರಿಸಿ ಜೊತೆಗೇ ಹಾಕಬಹುದು. ಏಣಿ ರೋಗಿಯ ಹಿಂದೆಯೇ ಬರುತ್ತದೆ. ಕಳೆದುಹೋಗುವುದಿಲ್ಲ.

ವಿಶ್ವ ಸಂಸ್ಥೆಯ ಪುಸ್ತಕದಲ್ಲಿ ಈ ಅಕ್ಷರ ಇಲ್ಲ, ಬೇರೆ ದಾರಿ ಇದೆ. ಮೂಳೆಮುರಿತದ ಚಿಕಿತ್ಸೆ ಮುಗಿದು ಮತ್ತೆ ಪರೀಕ್ಷೆಗೆ ಬಂದವನಿಗೆ ಜಡ್ 09.4. ಒಳಗಿನ ಪ್ಲೇಟು ತೆಗೆಸಲು ಬಂದರೆ ಜಡ್ 47.0. ಬೆನ್ನೆಲುಬು ಮುರಿದು ಊನ ಉಳಿದರೆ ಟಿ 91.1, ಅದರ ಜೊತೆಗೆ "ಇದು ಹಿಂದಿನ ಅಪಘಾತದ ಫಲ" ಎಂದು ಹೇಳುವ ವೈ 86. ಒಟ್ಟಿನಲ್ಲಿ ಎರಡು ಪುಸ್ತಕವೂ ಕೇಳುವ ಪ್ರಶ್ನೆ ಒಂದೇ. ಈ ನೋವು ಎಲ್ಲಿಂದ ಶುರುವಾಯಿತು?

ಈ ಪ್ರಶ್ನೆ ಲೆಕ್ಕದವರಿಗೆ ಮಾತ್ರವಲ್ಲ, ಡಾಕ್ಟರಿಗೂ ಬೇಕು. ಎತ್ತರದಿಂದ ಕಾಲೂರಿ ಬಿದ್ದು ಹಿಮ್ಮಡಿ ಮೂಳೆ ಒಡೆದವನ ಬೆನ್ನೆಲುಬನ್ನೂ ನೋಡಬೇಕು ಎಂಬುದು ಮೂಳೆ ಡಾಕ್ಟರುಗಳ ಹಳೆಯ ಪಾಠ. ಹಿಮ್ಮಡಿಗೆ ಬಿದ್ದ ಹೊಡೆತ ಕಾಲಿನ ಮೂಲಕ ಮೇಲೇರಿ ಬೆನ್ನಿಗೂ ಬಡಿಯುತ್ತದೆ. ಮೊದಲ ಚೀಟಿಯಲ್ಲಿ "ಏಣಿ, ಇಪ್ಪತ್ತಡಿ" ಎಂಬ ಎರಡು ಪದ ಇದ್ದಿದ್ದರೆ, ನಾಲ್ಕನೇ ಸಲ ಸೊಂಟ ನೋವೆಂದು ಬಂದಾಗ ಯಾವ ಡಾಕ್ಟರೂ ಮುಲಾಮು ಕೊಟ್ಟು ಕಳಿಸುತ್ತಿರಲಿಲ್ಲ.

ಇವತ್ತು ಹುಡುಗಿ ಜೊತೆಗೆ ಹೋಗಿ ಮೊದಲಿಂದ ಎಲ್ಲ ಹೇಳಿದ್ದಾಳೆ. ಡಾಕ್ಟರು ತಾಳ್ಮೆಯಿಂದ ಕೇಳಿ ಬೆನ್ನಿನ ಎಕ್ಸ್‌ರೇ ಬರೆದುಕೊಟ್ಟಿದ್ದಾರೆ. ಬೆನ್ನೆಲುಬಿನ ಒಂದು ಮಣಿ ಅಮುಕಿಹೋಗಿದೆ. ಹಳೆಯ ಪೆಟ್ಟು. ಆರು ತಿಂಗಳು ಅದರ ಮೇಲೇ ಆತ ನಡೆದಾಡಿದ್ದಾರೆ!

ಯಾರನ್ನು ದೂರೋಣ?

ಡಾಕ್ಟರನ್ನು ಬಯ್ಯುವುದು ಸುಲಭ. ಆದರೆ ಸರ್ಕಾರಿ ಆಸ್ಪತ್ರೆಯ ಓಪಿಡಿ ಮುಂದೆ ಸೋಮವಾರ ಬೆಳಿಗ್ಗೆ ಒಂದು ಸಲ ನಿಂತು ನೋಡಿ. ಬಾಗಿಲಾಚೆವರೆಗೆ ಸಾಲು. ಒಬ್ಬೊಬ್ಬರಿಗೆ ಸಿಗುವುದು ಎರಡು ಮೂರು ನಿಮಿಷ. ಅಷ್ಟರಲ್ಲಿ ಅವರು ಮೂಳೆ ನೋಡಬೇಕೋ, ಏಣಿಯ ಕಥೆ ಬರೆಯಬೇಕೋ?

ನಮ್ಮದೂ ತಪ್ಪಿದೆ. "ಹೇಗಾಯ್ತಪ್ಪಾ?" ಎಂದರೆ "ಬಿದ್ದೆ ಸಾ" ಅನ್ನುತ್ತೇವೆ, ಅಷ್ಟೇ. ಕೆಲವರಿಗೆ ಸಾಹುಕಾರರ ಹೆಸರು ಬರಬಾರದೆಂಬ ಅಂಜಿಕೆ. ಪೊಲೀಸು, ಎಂಎಲ್‌ಸಿ ಎಂದರೆ ಇನ್ನೊಂದು ಭಯ. "ಮನೇಲಿ ಜಾರಿದ್ದು ಅಂತ ಬರೆಸಿಬಿಡು, ಸುಮ್ನೆ ಯಾಕೆ ತಾಪತ್ರಯ" ಎಂದು ಕಿವಿಯಲ್ಲಿ ಹೇಳುವ ಪುಣ್ಯಾತ್ಮರೂ ಉಂಟು. ಹಾಗೆ ಬರೆಸಿದ ದಿನವೇ ಆ ಕೂಲಿಯ ಪರಿಹಾರ ಮಣ್ಣುಪಾಲು. ಅಸ್ಸಾಮಿನಿಂದ ಬಂದು ತೋಟಗಳ ಲೈನ್‌ಮನೆಯಲ್ಲಿರುವ ಕೆಲಸಗಾರರ ಪಾಡಂತೂ ಇನ್ನೂ ಕಷ್ಟ. ಅವರ ಮಾತು ಇಲ್ಲಿ ತಿಳಿಯುವುದಿಲ್ಲ, ಇಲ್ಲಿಯ ಮಾತು ಅವರಿಗೆ ತಿಳಿಯುವುದಿಲ್ಲ. ಕೈಸನ್ನೆಯಲ್ಲಿ ಎಷ್ಟಡಿ ಎಂದು ಹೇಳುವುದು ಹೇಗೆ?

ಇನ್ನು ಮತ್ತೆ ಮತ್ತೆ ಆಸ್ಪತ್ರೆಗೆ ಹೋಗುವ ವಿಚಾರ. ಆಯುಷ್ಮಾನ್ ಕಾರ್ಡಿದ್ದರೆ ಬಡ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷದವರೆಗೆ ಆಸ್ಪತ್ರೆಯ ಚಿಕಿತ್ಸೆ ಉಂಟು. 2018ರಿಂದ ಇರುವ ಈ ಯೋಜನೆಯಿಂದ ರಾಡು ಹಾಕಿಸಿಕೊಂಡು ಎದ್ದು ಓಡಾಡುವವರು ನಮ್ಮಲ್ಲಿ ಬೇಕಾದಷ್ಟಿದ್ದಾರೆ. ಆದರೆ ಆಸ್ಪತ್ರೆಯಿಂದ ಬಿಟ್ಟ ಮೇಲಿನ ಔಷಧಿ, ಪರೀಕ್ಷೆಗಳಿಗೆ ಅದರಲ್ಲಿ ಲೆಕ್ಕವಿರುವುದು 15 ದಿನ. ಮೂಳೆಗೆ ಈ 15 ದಿನದ ಲೆಕ್ಕ ಗೊತ್ತಿಲ್ಲ. ಮಣಿಕಟ್ಟು ಮುರಿದರೆ ಕಟ್ಟೇ ಸುಮಾರು ಆರು ವಾರ. ತೊಡೆಯ ಮೂಳೆಯಾದರೆ ತಿಂಗಳುಗಟ್ಟಲೆ.

ಅಲ್ಲಿಗೆ ಶುರುವಾಗುವುದು ಬಸ್ ಚಾರ್ಜಿನ ಲೆಕ್ಕ. ಹಾಸನದ ದೊಡ್ಡಾಸ್ಪತ್ರೆಗೆ ಸಕಲೇಶಪುರದಿಂದ 40 ಕಿಲೋಮೀಟರಿನ ಆಸುಪಾಸು. ಹಳ್ಳಿಯಿಂದ ಸಕಲೇಶಪುರಕ್ಕೋ ಆಲೂರಿಗೋ ಬರುವುದು ಬೇರೆ. ಒಂದು ದಿನದ ಕೂಲಿ ಹೋಯಿತು. 2023ರ ಜೂನ್ 11ರಿಂದ ಶಕ್ತಿ ಯೋಜನೆಯಲ್ಲಿ ಹೆಂಗಸರಿಗೆ ಸಾಮಾನ್ಯ ಸರ್ಕಾರಿ ಬಸ್ಸು ಉಚಿತ. ಒಳ್ಳೆಯದೇ ಆಯಿತು. ಆದರೆ ಇದರಿಂದ ಮನೆಯೊಳಗೆ ಒಂದು ಹೊಸ ಉಪಾಯ ಹುಟ್ಟಿದೆ. ಗಂಡನ ಚೀಟಿ ಹಿಡಿದು ಹೆಂಡತಿ ಹೋಗುತ್ತಾಳೆ, ಅದೇ ಮಾತ್ರೆ ಇನ್ನೊಂದು ವಾರಕ್ಕೆ ತರುತ್ತಾಳೆ. ಚೀಟಿ ಆಸ್ಪತ್ರೆಗೆ ಹೋಗಿಬರುತ್ತದೆ, ಕಾಲು ಮನೆಯಲ್ಲೇ ಇರುತ್ತದೆ. ಕಾಲನ್ನು ನೋಡದೆ ಅದು ಕೂಡಿದೆಯೋ, ಸೊಟ್ಟಗಾಗಿದೆಯೋ ಡಾಕ್ಟರಿಗೆ ತಿಳಿಯುವುದು ಹೇಗೆ?

ಇದರಲ್ಲಿ ಅಪಾಯವೂ ಇದೆ. ಕಟ್ಟು ಹಾಕಿದ ಮೇಲೆ ಬೆರಳು ಊದಿ, ನೀಲಿಯಾಗಿ, ಜೋಮು ಹಿಡಿದು ನೋವು ಏರುತ್ತಾ ಹೋದರೆ ಮುಂದಿನ ತಾರೀಖು ಕಾಯಬಾರದು, ಆ ಕ್ಷಣವೇ ಹೊರಡಬೇಕು. ಬೆನ್ನಿಗೆ ಪೆಟ್ಟಾದವರಿಗೆ ಕಾಲು ಸೋತರೆ, ಒಂದಕ್ಕೆ ಹೋಗುವ ಹಿಡಿತ ತಪ್ಪಿದರೆ ಹಾಗೆಯೇ. ವಯಸ್ಸಾದವರು ತಲೆ ತಗಲಿಸಿಕೊಂಡು ಬಿದ್ದರೆ, ಮೇಲೆ ಗಾಯವಿಲ್ಲದಿದ್ದರೂ ಕೆಲವು ವಾರದ ನಂತರ ತಲೆನೋವು, ಮಂಕು, ಮಾತು ತೊದಲು ಬರಬಹುದು. ಆಗ "ವಯಸ್ಸಾಯ್ತಲ್ಲ" ಎಂದು ಸುಮ್ಮನಾಗಬೇಡಿ. ಅವರು ಬಿದ್ದಿದ್ದರು ಎಂಬುದನ್ನು ಡಾಕ್ಟರಿಗೆ ನೆನಪು ಮಾಡಿ ಹೇಳಿ.

ದುಡ್ಡಿನ ಮಾತು

ಕೆಲಸದಲ್ಲಿ ಬಿದ್ದು ಊನವಾದವನಿಗೆ ಕೆಲಸ ಕೊಟ್ಟವನು ಪರಿಹಾರ ಕೊಡಬೇಕೆಂಬುದು ನಮ್ಮ ದೇಶದಲ್ಲಿ 1923ರಿಂದ ಇರುವ ಕಾನೂನು. ಆ ಹಳೇ ಕಾಯಿದೆಯ ವಿಷಯ ಈಗ 2020ರ ಸಾಮಾಜಿಕ ಭದ್ರತಾ ಸಂಹಿತೆಯೊಳಗೆ ಸೇರಿದೆ. ಸಂಹಿತೆ ಜಾರಿಗೆ ಬಂದದ್ದು 2025ರ ನವೆಂಬರ್ 21ರಂದು. ಹೆಸರು ಬದಲಾದರೂ ತಿರುಳು ಅದೇ. ಅಪಘಾತ ಕೆಲಸದಿಂದಾಗಿ, ಕೆಲಸದ ವೇಳೆಯಲ್ಲಿ ಆಗಿರಬೇಕು. ದುಡಿಯುವ ಶಕ್ತಿ ಎಷ್ಟು ಕಡಿಮೆಯಾಯಿತೆಂದು ಡಾಕ್ಟರು ಹೇಳಬೇಕು.

ಇಲ್ಲಿ ಎರಡು ಕೊಂಡಿ ಬೇಕು ನೋಡಿ. ಬಿದ್ದದ್ದಕ್ಕೂ ಕೆಲಸಕ್ಕೂ ಒಂದು, ಬಿದ್ದದ್ದಕ್ಕೂ ಇವತ್ತಿನ ಊನಕ್ಕೂ ಇನ್ನೊಂದು. ಮೊದಲ ಕೊಂಡಿ ಮೊದಲ ಚೀಟಿಯಲ್ಲಿರುತ್ತದೆ. ಎರಡನೆಯದು ಇರುವುದು ಆಮೇಲಿನ ಚೀಟಿಗಳಲ್ಲಿ. ನಮ್ಮ ಬೆಂಚಿನ ಮಿತ್ರರಿಗೆ ಎರಡೂ ಇರಲಿಲ್ಲ.

ಬಸ್ಸಿನಲ್ಲಿ ಓಡಾಡುವವರೂ ಒಂದು ವಿಷಯ ತಿಳಿಯಬೇಕು. ಬಸ್ಸು ಹತ್ತುವಾಗ, ಇಳಿಯುವಾಗ ಫುಟ್‌ಬೋರ್ಡಿನಿಂದ ಬಿದ್ದರೆ ಈ ಪುಸ್ತಕದ ಪ್ರಕಾರ ಅದು ಬೀಳುವುದೇ ಅಲ್ಲ! ಡಬ್ಲ್ಯು ಪಟ್ಟಿಯಲ್ಲಿ ಅದಕ್ಕೆ ಜಾಗವಿಲ್ಲ. ಅದು ವಾಹನ ಅಪಘಾತ, ನಂಬರು ವಿ 78.4. ಚೀಟಿಯಲ್ಲಿ "ಬಿದ್ದು ಪೆಟ್ಟು" ಎಂದಷ್ಟೇ ಇದ್ದರೆ, ನಾಳೆ ಮೋಟಾರು ಅಪಘಾತದ ಕೋರ್ಟಿನಲ್ಲಿ ವಕೀಲರು "ಬಚ್ಚಲಲ್ಲಿ ಬಿದ್ದಿರಬಹುದಲ್ಲ" ಎಂದು ಕೇಳಿದರೆ ಉತ್ತರವೇನು?

ಈಗಿನ ಹೊಸ ವ್ಯವಸ್ಥೆಯಲ್ಲಿ 14 ಅಂಕಿಯ ಆಭಾ ನಂಬರು ಮಾಡಿಸಿಕೊಂಡರೆ ನಮ್ಮ ಆಸ್ಪತ್ರೆಯ ಕಾಗದಗಳು ಒಂದೇ ಕಡೆ ಸೇರುತ್ತವೆ. ಮಾಡಿಸಿಕೊಳ್ಳಿ, ಒಳ್ಳೆಯದೇ. ಆದರೆ ಬರೆಯದೇ ಬಿಟ್ಟದ್ದನ್ನು ಕಂಪ್ಯೂಟರು ತಾನಾಗಿ ಹುಟ್ಟಿಸುವುದಿಲ್ಲ. "ಬಿದ್ದು ಪೆಟ್ಟು" ಎಂದು ತುಂಬಿಸಿದರೆ ಹತ್ತು ವರ್ಷದ ನಂತರ ತೆಗೆದರೂ ಸಿಗುವುದು "ಬಿದ್ದು ಪೆಟ್ಟು" ಮಾತ್ರ.

ಒಂದು ರಬ್ಬರ್ ಸ್ಟಾಂಪು

ಹಾಗಾದರೆ ಮಾಡುವುದೇನು? ದೊಡ್ಡ ದೊಡ್ಡ ಮಾತು ಬೇಡ.

ಬಿದ್ದವರು, ಕರೆದುಕೊಂಡು ಹೋದವರು ನಾಲ್ಕೇ ಮಾತು ಹೇಳಲಿ: ಎಲ್ಲಿಂದ ಬಿದ್ದದ್ದು, ಎಷ್ಟು ಎತ್ತರ, ಯಾವ ಜಾಗ, ಏನು ಕೆಲಸ ಮಾಡುವಾಗ. ಇದನ್ನು ಬರೆಯಿರಿ ಸಾರ್ ಎಂದು ಮರ್ಯಾದೆಯಿಂದ ಕೇಳಲಿ. ಕೇಳಿದರೆ ಬೇಡ ಅನ್ನುವ ಡಾಕ್ಟರು ಕಡಿಮೆ. ಮತ್ತೆ ಹೋಗುವಾಗ ಹಳೇ ಚೀಟಿಗಳನ್ನೆಲ್ಲ ಒಯ್ಯಲಿ. "ಇದು ಇಂಥ ತಾರೀಖು ಬಿದ್ದದ್ದರ ನೋವು, ಇಷ್ಟನೇ ಸಲ ಬಂದಿದ್ದೇನೆ" ಎಂದು ಮೊದಲ ಮಾತಿನಲ್ಲೇ ಹೇಳಲಿ. ಚೀಟಿ ಮಳೆಗೆ ನೆನೆಯುತ್ತದೆ, ಇಲಿ ತಿನ್ನುತ್ತದೆ. ಮೊಬೈಲಿನಲ್ಲಿ ಫೋಟೋ ತೆಗೆದಿಡಲಿ. ತೋಟದ ರೈಟರು ತಮ್ಮ ಪುಸ್ತಕದಲ್ಲಿ ಅದೇ ದಿನ ಒಂದು ಸಾಲು ಬರೆದರೆ ಸಾಹುಕಾರರಿಗೂ ಅದು ಒಳ್ಳೆಯದೇ. ಬಿದ್ದದ್ದು ಏಣಿಯಿಂದ ಎಂದು ಗೊತ್ತಾದರೆ ಮುಂದಿನ ವರ್ಷ ಬುಡ ಹಿಡಿಯಲು ಇನ್ನೊಬ್ಬನನ್ನು ನಿಲ್ಲಿಸಬಹುದು.

ಆಸ್ಪತ್ರೆಗಳಿಗೆ ಒಂದು ಸಣ್ಣ ಸಲಹೆ. ಒಂದು ರಬ್ಬರ್ ಸ್ಟಾಂಪು ಮಾಡಿಸಿಡಿ. ಅದರಲ್ಲಿ ಐದು ಸಾಲು. ಎಲ್ಲಿಂದ. ಎಷ್ಟು ಅಡಿ. ಯಾವ ಜಾಗ. ಏನು ಮಾಡುವಾಗ. ಹೊಸ ಪೆಟ್ಟೋ, ಮರುಪರೀಕ್ಷೆಯೋ, ಹಳೇ ಪೆಟ್ಟಿನ ಊನವೋ. ಬಿದ್ದು ಬಂದವರ ಚೀಟಿಗೆಲ್ಲ ಚೀಟಿ ಕೊಡುವ ಕಿಟಕಿಯಲ್ಲೇ ಒಂದು ಗುದ್ದು ಗುದ್ದಿದರೆ, ಖಾಲಿ ಜಾಗ ತುಂಬಲು ಡಾಕ್ಟರಿಗೆ ಅರ್ಧ ನಿಮಿಷ ಸಾಕು. ಸರ್ಕಾರದ ಮಂಜೂರಾತಿ ಕಾಯಬೇಕಾದಷ್ಟು ದೊಡ್ಡ ಖರ್ಚಲ್ಲ ಇದು. ನಮ್ಮ ಪೇಟೆಯ ಅಂಗಡಿಯವರಲ್ಲಿ ಯಾರಾದರೂ ಒಬ್ಬರು ಮನಸ್ಸು ಮಾಡಿದರೂ ಆಗುತ್ತದೆ. ಜಾತ್ರೆಗೆ, ಗಣಪತಿಗೆ ಕೈಯೆತ್ತಿ ಕೊಡುವವರು ಇದಕ್ಕೆ ಇಲ್ಲ ಅನ್ನಲಾರರು.

ಮಳೆ ಸ್ವಲ್ಪ ಬಿಟ್ಟಿತು. ಐದನೇ ಚೀಟಿ ನೋಡಿದೆ. ಇವತ್ತಿನ ಡಾಕ್ಟರು ಸ್ಟಾಂಪಿಲ್ಲದೆಯೇ ಎರಡು ಸಾಲು ಬರೆದಿದ್ದರು. ಆರು ತಿಂಗಳ ಹಿಂದೆ ತೋಟದಲ್ಲಿ ಮೆಣಸು ಕುಯ್ಯುವಾಗ ಏಣಿ ಜಾರಿ ಸುಮಾರು ಇಪ್ಪತ್ತಡಿಯಿಂದ ಬಿದ್ದದ್ದಾಗಿ ರೋಗಿಯ ಹೇಳಿಕೆ. ಬೆನ್ನೆಲುಬಿನ ಹಳೆಯ ಮುರಿತ, ಈಗಿನ ನೋವಿಗೆ ಅದೇ ಕಾರಣ.

"ಈಗ ನಂಬರ್ ಸಿಕ್ತಾ ಮಗಾ?" ಎಂದೆ.

"ಸಿಕ್ತು ಸಾರ್. ಟಿ 91.1, ವೈ 86." ಹುಡುಗಿ ಚೀಟಿಯನ್ನು ಮಡಿಸಿ ಜೋಪಾನವಾಗಿ ಬ್ಯಾಗಿನಲ್ಲಿಟ್ಟಳು. ಸೋಮವಾರ ಅದರ ಜೆರಾಕ್ಸ್ ಹಿಡಿದು ಕಾರ್ಮಿಕ ಇಲಾಖೆಯ ಆಫೀಸಿಗೆ ಹೋಗುವವಳಿದ್ದಾಳೆ. ಪರಿಹಾರ ಸಿಗುತ್ತದೋ ಇಲ್ಲವೋ, ಎಲ್ಲಿದೆಯಪ್ಪ ಎಂದು ಕೇಳಿದರೆ ತೋರಿಸಲು ಈಗ ಸೊಂಟದ ಜೊತೆಗೆ ಒಂದು ಕಾಗದವೂ ಇದೆ.

ಅಷ್ಟರಲ್ಲಿ ಹೆತ್ತೂರು ಬಸ್ಸು ಬಂತು. ಜನ ನುಗ್ಗಿದರು. ಅಣ್ಣ ಊರುಗೋಲು ಹಿಡಿದು ಫುಟ್‌ಬೋರ್ಡಿನ ಮೇಲೆ ಒಂದು ಕಾಲಿಟ್ಟರು. ಹಿಂದಿನಿಂದ ಹುಡುಗಿ ಕೂಗಿದಳು:

"ಚಿಕ್ಕಪ್ಪಾ, ನಿಧಾನ! ಇಲ್ಲಿ ಬಿದ್ರೆ ಅದು ಬೇರೆ ನಂಬರ್ರು!"